ರಜಬ್ ತಿಂಗಳು ಮತ್ತು ದಿಲ್ಲಿಯ ಇಬ್ಬರು ನ್ಯಾಯಮೂರ್ತಿಗಳು

ಕೋರ್ಟಿನ ಕೆಲಸಕ್ಕೆ ಹೊಸದಾಗಿ ಸೇರಿದವರು ನನ್ನನ್ನು ಕಂಡರೆ ಮೊದಲು ಕೇಳುವುದು ಒಂದೇ ಮಾತು. "ಮೇಡಮ್ಮೋರ, ನೀವು ಸುಪ್ರೀಂ ಕೋರ್ಟಿನ ಜಡ್ಜ್ ಸಾಹೇಬರ ಜೋಡಿ ಮಾತಾಡೀರಂತಲ್ರಿ, ಖರೇ ಏನ್ರಿ?" ಖರೆ. ಮಾತಾಡಿದ್ದೇನೆ. ಒಂದಲ್ಲ, ಎರಡು ಸಲ ಮಾತಾಡಿದ್ದೇನೆ. ಅದೂ ಅದೇ ಮಾತನ್ನು, ಐದು ನಿಮಿಷದ ಅಂತರದಲ್ಲಿ. ಮೊದಲ ಸಲ ಅತ್ತುಕೊಂಡು ಹೇಳಿದೆ, ಎರಡನೆಯ ಸಲ ಬಸ್ ಕಂಡಕ್ಟರ್ ಊರುಗಳ ಹೆಸರು ಕೂಗುವ ಹಾಗೆ ಹೇಳಿದೆ. ಯಾಕೆ ಹಾಗಾಯಿತು ಎಂಬುದನ್ನು ಬರೆಯಲೆಂದೇ ಇವತ್ತು ಕುಳಿತಿದ್ದೇನೆ. ನಗು ಬಂದರೆ ನಕ್ಕುಬಿಡಿ, ನನಗಂತೂ ಈಗಲೇ ಬರುತ್ತಿದೆ.

ನನ್ನ ಹೆಸರು ಮೆಹರುನ್ನಿಸಾ. ಮೂವತ್ತಮೂರು ವರ್ಷ ಕೋರ್ಟಿನಲ್ಲಿ ಭಾಷಾಂತರದ ಕೆಲಸ ಮಾಡಿದೆ. ಮನೆಯಲ್ಲಿ ಮಾತಾಡುವುದು ದಖ್ಖನಿ, ಶಾಲೆಯಲ್ಲಿ ಕಲಿತದ್ದು ಕನ್ನಡ, ಉರ್ದು ಓದುಬರಹ ನಮ್ಮ ಅಬ್ಬಾ, ಅಂದರೆ ಅಪ್ಪ, ಹೊಡೆದು ಕಲಿಸಿದ್ದು, ಇಂಗ್ಲಿಷು ಟೈಪಿಂಗ್ ಕಲಿಯಲು ಹೋದಲ್ಲಿ ಅಂಟಿಕೊಂಡದ್ದು. ನಮ್ಮ ಸೀಮೆಯ ಹಳೆಯ ಹೊಲಮನೆಗಳ ಕಾಗದವೆಲ್ಲ ನಿಜಾಮರ ಕಾಲದ ಉರ್ದುವಿನಲ್ಲಿದೆ. ಅದನ್ನು ಓದುವವರು ವರ್ಷವರ್ಷಕ್ಕೆ ಕಡಿಮೆಯಾಗುತ್ತಿದ್ದರು, ಹಾಗಾಗಿ ನನ್ನ ಬೆಲೆ ಏರುತ್ತಿತ್ತು. ಶಹಾಪುರ, ಸುರಪುರ, ಯಾದಗಿರಿ ಮೂರೂ ಕಡೆ ದುಡಿದಿದ್ದೇನೆ. ಇಲ್ಲಿ ಹೇಳುವ ಸಂಗತಿಗಳು ಯಾವ ಕೋರ್ಟಿನವು ಎಂದು ಹೇಳುವುದಿಲ್ಲ. ಬಡ್ತಿ ಯಾವಾಗ ಬಂತು, ಯಾವ ಸಾಹೇಬರು ಯಾವ ಪ್ರಶಂಸಾಪತ್ರ ಕೊಟ್ಟರು ಎಂಬುದನ್ನೂ ಹೇಳುವುದಿಲ್ಲ. ಅದೆಲ್ಲ ಸರ್ವಿಸ್ ಪುಸ್ತಕದಲ್ಲಿ ಬೆಚ್ಚಗೆ ಮಲಗಿರಲಿ.

ಸೇರಿದ ಹೊಸತರಲ್ಲಿ ಸುಪ್ರೀಂ ಕೋರ್ಟು ಎಂದರೆ ನನ್ನ ತಲೆಯಲ್ಲಿ ಒಂದು ದರ್ಬಾರು ನಡೆಯುತ್ತಿತ್ತು. ಎತ್ತರದ ಕುರ್ಚಿ, ಅದರಲ್ಲಿ ಒಬ್ಬರೇ ಮುದಿ ನ್ಯಾಯಮೂರ್ತಿ, ಸುಳ್ಳು ಹೇಳಿದವನ ಮುಖ ನೋಡಿದ ಕೂಡಲೇ ಹಿಡಿದುಬಿಡುತ್ತಾರೆ ಎಂದೆಲ್ಲ. ಅಲ್ಲಿಗೆ ಸಾಕ್ಷಿಗಳು ಹೋಗುವುದೇ ಇಲ್ಲ ಎಂದು ತಿಳಿದಾಗ ನನಗೆ ಮೋಸವಾದ ಹಾಗೆ ಅನ್ನಿಸಿತು. ಸಾಮಾನ್ಯವಾಗಿ ಇಬ್ಬರೋ ಮೂವರೋ ಕುಳಿತು ಕೇಳುತ್ತಾರೆ. ಸಂವಿಧಾನದ ದೊಡ್ಡ ಪ್ರಶ್ನೆ ಬಂದರೆ ಐವರು, ಅದಕ್ಕಿಂತ ಹೆಚ್ಚು. ಕೆಳಗಿನ ಕೋರ್ಟುಗಳು ಕಾನೂನನ್ನು ಸರಿಯಾಗಿ ಹಚ್ಚಿದವೋ ಇಲ್ಲವೋ ಎಂದು ನೋಡುವುದು ಅವರ ಮುಖ್ಯ ಕೆಲಸ. ಯಾರು ಯಾವ ಬದುವಿನಲ್ಲಿ ನಿಂತು ಏನಂದರು ಎಂಬುದೆಲ್ಲ ಅವರಿಗೆ ಕಾಗದದ ಮೇಲೆ ಸಿಗಬೇಕು. ಆ ಕಾಗದ ಎಲ್ಲಿಂದ ಹೋಗುತ್ತದೆ? ನನ್ನ ಟೈಪ್ ಮಷೀನಿನಿಂದ. ಐದು ಕಾರ್ಬನ್ ಇಟ್ಟು ಕುಟ್ಟುತ್ತಿದ್ದೆ. ಐದನೆಯ ಪ್ರತಿ ಮಸುಕಾಗಬಾರದು ಎಂದು ಎಷ್ಟು ಜೋರಾಗಿ ಕುಟ್ಟುತ್ತಿದ್ದೆನೆಂದರೆ ಪಕ್ಕದ ಹಾಲಿನಲ್ಲಿ ವಕೀಲರು ವಾದ ನಿಲ್ಲಿಸುತ್ತಿದ್ದರು.

ದಿಲ್ಲಿಯಿಂದ "ಮೂಲ ದಾಖಲೆ ಕಳಿಸಿ" ಎಂದು ಪತ್ರ ಬಂತೆಂದರೆ ಆಫೀಸಿನಲ್ಲಿ ಮದುವೆ ಮನೆಯ ಗದ್ದಲ. ನಮ್ಮ ಶಿರಸ್ತೇದಾರ ಶಾಂತಪ್ಪನವರು, ಎಂದರೆ ಆಫೀಸಿನ ಯಜಮಾನರು, ಆ ದಿನ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬರುತ್ತಿದ್ದರು. ಎಲ್ಲರೂ ಕೈ ತೊಳೆದುಕೊಂಡು ಬರಬೇಕು. ಹಾಳೆಗಳಿಗೆ ಸಂಖ್ಯೆ ಹಾಕಿ, ಕೆಂಪು ಬಟ್ಟೆಯಲ್ಲಿ ಕಟ್ಟಿ, ದಬ್ಬಣದಿಂದ ಹೊಲಿದು, ಅರಗಿನ ಮುದ್ರೆ ಒತ್ತಿ, ಗಂಟಿನ ಮುಂದೆ ಒಂದು ಕಾಯಿ ಒಡೆಯುವವರೆಗೆ ಯಾರಿಗೂ ಚಹಾ ಇಲ್ಲ. ನಾನು ಒಮ್ಮೆ ಕೇಳಿದೆ, "ಕಾಯಿ ಯಾಕ್ರಿ ಸರ್, ಸರಕಾರಿ ಕಾಗದಕ್ಕ?" ಅವರು, "ನಮ್ಮೂರಾಗಿಂದ ದಿಲ್ಲಿಗೆ ಯಾರ್ ಹೋಗ್ಯಾರವ್ವಾ? ಈ ಗಂಟು ಹೋಗಾಕತ್ತದ. ಕಳಿಸೂ ಮುಂದ ಒಂದು ಕಾಯಿ ಒಡದ್ರ ನಿಮ್ಮಪ್ಪಂದೇನ್ ಹೋಗ್ತದ?" ಎಂದರು.

ಹಾಗೆ ಮೆರವಣಿಗೆ ಮಾಡಿ ಕಳಿಸಿದ ಒಂದು ಗಂಟಿನ ಕಥೆ ಕೇಳಿ. ಕಳಿಸಿ ನಾಲ್ಕು ದಿನವಾದ ಮೇಲೆ ಶಾಂತಪ್ಪನವರು ತಮ್ಮ ತಪಕೀರಿನ ಡಬ್ಬಿಯನ್ನು, ನಶ್ಯ ಇಟ್ಟುಕೊಳ್ಳುವ ಆ ಹಿತ್ತಾಳೆ ಡಬ್ಬಿಯನ್ನು, ಹುಡುಕತೊಡಗಿದರು. ಟೇಬಲ್ಲಿನ ಕೆಳಗೆ, ಬೀರುವಿನ ಹಿಂದೆ, ನನ್ನ ಊಟದ ಚೀಲದಲ್ಲಿ. ಕಡೆಗೆ ಎಲ್ಲರ ಮೇಲೂ ಸಂಶಯಪಟ್ಟು ಮೂರು ದಿನ ಯಾರೊಂದಿಗೂ ಮಾತಾಡಲಿಲ್ಲ. ತಿಂಗಳಾದ ಮೇಲೆ ದಿಲ್ಲಿಯಿಂದ ಒಂದು ಪತ್ರ ಬಂತು. ಒಕ್ಕಣೆ ಬಹಳ ಗಂಭೀರ: ತಾವು ಕಳಿಸಿದ ದಾಖಲೆಯ ಗಂಟಿನಲ್ಲಿ ಕಂದು ಬಣ್ಣದ ಪುಡಿಯಿರುವ ಒಂದು ಲೋಹದ ಡಬ್ಬಿ ಇದೆ, ಅದಕ್ಕೆ ನಿಶಾನೆ ಸಂಖ್ಯೆ ಇಲ್ಲ, ಯಾವ ಪಕ್ಷದವರ ಪರ ಹಾಜರುಪಡಿಸಿದ್ದು ಎಂದು ತಿಳಿಸಬೇಕು. ಪತ್ರ ಓದಿದವಳು ನಾನು. ಓದಿ ಮುಗಿಸುವಷ್ಟರಲ್ಲಿ ಟೇಬಲ್ಲಿನ ಕೆಳಗೆ ಕುಳಿತುಬಿಟ್ಟಿದ್ದೆ, ನಗು ತಡೆಯಲಾಗದೆ. ಶಾಂತಪ್ಪನವರು ನಗಲಿಲ್ಲ. ಎರಡು ದಿನ ಯೋಚಿಸಿ, ತಪ್ಪು ತಮ್ಮದು, ಡಬ್ಬಿ ತಮ್ಮದು, ಪುಡಿ ತಪಕೀರು ಎಂದು ಸ್ವಂತ ಕೈಯಿಂದ ಬರೆದು ಸಹಿ ಹಾಕಿ ಕಳಿಸಿದರು. ಡಬ್ಬಿ ಮುದ್ರೆ ಸಮೇತ ವಾಪಸು ಬಂತು. ಆಮೇಲೆ ಅವರು ತಪಕೀರು ಏರಿಸುವಾಗಲೆಲ್ಲ ಎದುರಿಗಿದ್ದವರಿಗೆ ಹೇಳುತ್ತಿದ್ದರು, "ಸುಪ್ರೀಂ ಕೋರ್ಟು ಪರಿಶೀಲಿಸಿದ ಮಾಲಿದು, ತಿಳೀತಿಲ್ಲೊ?"

ಅದೇ ಶಾಂತಪ್ಪನವರು ನನಗೆ ಕಲಿಸಿದ ಒಂದು ಸೂತ್ರವಿತ್ತು. ನಿಜಾಮರ ಸರಕಾರಿ ಕಾಗದದಲ್ಲಿ ಇಸವಿ ಇರುವುದು ಫಸ್ಲಿಯಲ್ಲಿ, ಅಂದರೆ ಕಂದಾಯಕ್ಕೆಂದು ಬಳಸುತ್ತಿದ್ದ ಪಂಚಾಂಗದಲ್ಲಿ. "ಕಣ್ಣು ಮುಚ್ಚಿ ಐನೂರಾ ತೊಂಬತ್ತು ಕೂಡಸು, ಇಂಗ್ಲಿಷ್ ಸನ ಬರ್ತದ," ಎನ್ನುತ್ತಿದ್ದರು. ನಾನು ಕೂಡಿಸಿದೆ. ವರ್ಷಾನುಗಟ್ಟಲೆ ಕೂಡಿಸಿದೆ. ಸಂತೆಯಲ್ಲಿ ಬದನೆಕಾಯಿ ಕೊಳ್ಳುವಾಗಲೂ ಐನೂರಾ ತೊಂಬತ್ತು ಕೂಡಿಸುವಷ್ಟು ರೂಢಿಯಾಯಿತು. ಸಾವಿರಾರು ಕಾಗದಗಳಲ್ಲಿ ಸರಿಯಾಯಿತು. ಒಂದರಲ್ಲಿ ಆಗಲಿಲ್ಲ. ಆ ಒಂದು ಬೋನಾಳದ ಭೀಮವ್ವನದು.

ಭೀಮವ್ವ ಕೂಲಿ ಮಾಡಿ ಬದುಕಿದವಳು. ಬೋನಾಳದ ಕೆರೆ ಕಡೆ ಆಕೆಗೆ ಮೂರು ಎಕರೆ ಹೊಲವಿತ್ತು, ಆಕೆಯ ಮನೆತನಕ್ಕೆ ಇದ್ದ ಸ್ವಂತ ನೆಲ ಅದೊಂದೇ. ಆಕೆಯ ಮಾವ ಒಬ್ಬ ಹಕೀಮರ ಬಂಡಿ ಹೊಡೆಯುತ್ತಿದ್ದ. ಊರೂರು ತಿರುಗಿ ಮದ್ದು ಕೊಡುತ್ತಿದ್ದ ಆ ಹಕೀಮರು ಖುಷಿಯಾಗಿ ಆ ಹೊಲವನ್ನು ಅವನಿಗೆ ಬರೆದುಕೊಟ್ಟಿದ್ದರು, ಉರ್ದುವಿನಲ್ಲಿ, ತಮ್ಮ ಕೈಯಾರೆ. ಎಷ್ಟೋ ವರ್ಷದ ಮೇಲೆ ಒಬ್ಬ ಗುತ್ತಿಗೆದಾರ ಬಂದು, ಹಕೀಮರ ಮೊಮ್ಮಕ್ಕಳಿಂದ ಇದೇ ಹೊಲ ನಾನು ಖರೀದಿ ಮಾಡಿದ್ದೇನೆ ಎಂದ. ದಾವೆ ನಡೆಯಿತು. ಹಕೀಮರ ಕಾಗದವನ್ನು ಇಂಗ್ಲಿಷಿಗೆ ತಿರುಗಿಸಿದವಳು ನಾನು. ಕೆಳಗಿನ ಎರಡೂ ಕೋರ್ಟಿನಲ್ಲಿ ಭೀಮವ್ವ ಗೆದ್ದಳು. ಉಳುತ್ತಿದ್ದವಳು ಆಕೆಯೇ, ಸಾಕ್ಷಿಗಳೂ ಇದ್ದರು. ಇಸವಿಯ ಕಡೆ ಯಾರೂ ನೋಡಲಿಲ್ಲ.

ಹೈಕೋರ್ಟಿನಲ್ಲಿ ಗುತ್ತಿಗೆದಾರನ ಹೊಸ ವಕೀಲರು ನೋಡಿದರು. ಭಾಷಾಂತರದಲ್ಲಿರುವ ಇಸವಿಯ ಪ್ರಕಾರ ಕಾಗದ ಬರೆದ ದಿನ ಹಕೀಮರು ಸತ್ತು ನಾಲ್ಕು ವರ್ಷವಾಗಿತ್ತು. ಸತ್ತವರು ಎದ್ದುಬಂದು ಸಹಿ ಹಾಕುವುದಿಲ್ಲ, ಆದ್ದರಿಂದ ಕಾಗದ ಖೊಟ್ಟಿ. ಆ ನ್ಯಾಯಮೂರ್ತಿಗಳ ಜಾಗದಲ್ಲಿ ನಾನಿದ್ದರೂ ಹಾಗೆಯೇ ಬರೆಯುತ್ತಿದ್ದೆ. ಭೀಮವ್ವ ಸೋತಳು. ನಾನು ಆ ಸುದ್ದಿ ಕೇಳಿ, ಪಾಪ, ಆಕೆಯ ಮಾವ ಯಾರ ಕೈಯಲ್ಲೋ ಖೊಟ್ಟಿ ಕಾಗದ ಬರೆಸಿದ್ದನಲ್ಲ ಎಂದುಕೊಂಡು ಊಟಕ್ಕೆ ಎದ್ದೆ. ಅದನ್ನು ನೆನೆಸಿಕೊಂಡರೆ ಈಗಲೂ ನನ್ನ ಕಪಾಳಕ್ಕೆ ನಾನೇ ಬಾರಿಸಿಕೊಳ್ಳಬೇಕು ಅನ್ನಿಸುತ್ತದೆ.

ಉಚಿತ ಕಾನೂನು ನೆರವಿನ ವಕೀಲರೊಬ್ಬರು ಭೀಮವ್ವನ ಮೇಲ್ಮನವಿಯನ್ನು ದಿಲ್ಲಿಗೆ ಒಯ್ದರು. ಅದು ಸರದಿಗೆ ಬರಲು ಆರು ವರ್ಷ ಹಿಡಿಯಿತು. ಅಷ್ಟು ದಿನ ಹೊಲ ಯಾರೂ ಮುಟ್ಟದ ಹಾಗೆ ತಡೆಯಾಜ್ಞೆ. ಭೀಮವ್ವ ತನ್ನ ಹೊಲದ ಬದುವಿನ ಮೇಲೆ ಕುಳಿತು ಅದರಲ್ಲಿ ಬೆಳೆದ ಹುಲ್ಲು ನೋಡುತ್ತಿದ್ದಳು. ನನ್ನ ನಿವೃತ್ತಿಗೆ ನಾಲ್ಕು ತಿಂಗಳಿದ್ದಾಗ ದಿಲ್ಲಿಯಿಂದ ಪತ್ರ ಬಂತು: ಮೂಲ ಕಾಗದ ಕಳಿಸಿ, ಜೊತೆಗೆ ಪ್ರಮಾಣೀಕರಿಸಿದ ಹೊಸ ಭಾಷಾಂತರ ಕಳಿಸಿ. ಈಗ ಕೆಂಪು ಬಟ್ಟೆಯೂ ಇಲ್ಲ, ಕಾಯಿಯೂ ಇಲ್ಲ, ಮೊದಲು ಸ್ಕ್ಯಾನ್ ಮಾಡಿ ಕಂಪ್ಯೂಟರಿನಲ್ಲಿ ತಳ್ಳುವುದು. ನಾನು ಮಾಡಿದ ಭಾಷಾಂತರ ಇದ್ದೇ ಇದೆಯಲ್ಲ, ಹೊಸದೇನು ಎಂದು ಮೂಗು ಮುರಿದು ಪತ್ರವನ್ನು ಮೂರು ದಿನ ಪಕ್ಕಕ್ಕಿಟ್ಟೆ.

ನಾಲ್ಕನೆಯ ದಿನ ನಮ್ಮ ಮನೆಯಲ್ಲಿ ರಜಬ್ ಕೂಂಡೆ. ರಜಬ್ ತಿಂಗಳಲ್ಲಿ ಸಿಹಿ ಪೂರಿ ಮಾಡಿ ಮಣ್ಣಿನ ಕುಡಿಕೆಗಳಲ್ಲಿಟ್ಟು, ಫಾತಿಹಾ ಪ್ರಾರ್ಥನೆ ಓದಿ, ಕರೆದವರು ಬಂದು ಅಲ್ಲೇ ಕುಳಿತು ತಿನ್ನುವ ಪದ್ಧತಿ. ಆ ಪೂರಿ ಹೊಸ್ತಿಲು ದಾಟಬಾರದು. ನಾನು ರಜೆ ಹಾಕಿ ಬಾಣಲೆಯ ಮುಂದೆ ಕುಳಿತಿದ್ದೆ, ಅಣ್ಣನ ಹೆಂಡತಿ, ನಮ್ಮ ಭಾಭಿ, ಲಟ್ಟಿಸಿ ಕೊಡುತ್ತಿದ್ದರು. ಲಟ್ಟಿಸುತ್ತಾ ಸುಮ್ಮನೆ ಹೇಳಿದರು, "ನನ್ನ ಮಗಳು ಹುಟ್ಟಿದಾಗ ರಜಬ್ ಮಳಿಗಾಲದಾಗ ಬಂದಿತ್ತು ನೋಡು. ಈಗ ಚಳ್ಯಾಗ ಬಂದದ. ಈ ತಿಂಗಳು ಒಂದ ಕಡೆ ನಿಂದ್ರಂಗಿಲ್ಲ."

ನನ್ನ ಕೈಯಲ್ಲಿದ್ದ ಪೂರಿ ಕೈಯಲ್ಲೇ ಉಳಿಯಿತು. ಹಕೀಮರ ಕಾಗದದ ಕೊನೆಯ ಸಾಲು ಕಣ್ಣ ಮುಂದೆ ಬಂದು ನಿಂತಿತು. ಅದರಲ್ಲಿ ತಿಂಗಳು ಬರೆದಿತ್ತು: ರಜಬ್. ಫಸ್ಲಿಯಲ್ಲಿ ರಜಬ್ ಎಲ್ಲಿಂದ ಬಂತು? ಫಸ್ಲಿಯ ತಿಂಗಳುಗಳೇ ಬೇರೆ, ಆಜರ್, ದೈ, ಬಹಮನ್ ಎಂದು ಶುರುವಾಗುತ್ತವೆ. ರಜಬ್ ಹಿಜರಿಯದು, ಚಂದ್ರನನ್ನು ನೋಡಿ ಎಣಿಸುವ ನಮ್ಮ ಹಬ್ಬಗಳ ಲೆಕ್ಕದ್ದು. ಹಕೀಮರದು ಸರಕಾರಿ ಕಾಗದವಲ್ಲ, ಖಾಸಗಿ ಕಾಗದ; ಅವರು ಮನೆಯ ರೂಢಿಯಂತೆ ಹಿಜರಿ ಇಸವಿ ಹಾಕಿದ್ದರು. ನಾನು ಅದಕ್ಕೆ ಕಣ್ಣು ಮುಚ್ಚಿ ಐನೂರಾ ತೊಂಬತ್ತು ಕೂಡಿಸಿದ್ದೆ. ಹಿಜರಿಗೆ ಆ ಲೆಕ್ಕ ಹೊಂದುವುದಿಲ್ಲ, ಇಸವಿ ಒಂಬತ್ತು ವರ್ಷ ಮುಂದೆ ಹೋಗಿಬಿಟ್ಟಿತ್ತು. ಹಕೀಮರು ಬರೆದಾಗ ಗಟ್ಟಿಮುಟ್ಟಾಗಿ ಬದುಕಿದ್ದರು; ಅವರನ್ನು ಕೊಂದು, ಸತ್ತ ಮೇಲೆ ಸಹಿ ಹಾಕಿಸಿದವಳು ನಾನು.

ವಿಚಿತ್ರ ನೋಡಿ. ರಜಬ್ ಅಂದರೇನು ಎಂದು ಶಾಂತಪ್ಪನವರಿಗೆ ಗೊತ್ತಿಲ್ಲದಿದ್ದರೆ ಕ್ಷಮಿಸಬಹುದು. ನಾನು? ಹುಟ್ಟಿದಾಗಿನಿಂದ ರಜಬ್ ಬಂತೆಂದರೆ ಬಾಣಲೆ ಮುಂದೆ ಕೂರುವವಳು. ನನ್ನ ಕೈಯಾರೆ ಇಂಗ್ಲಿಷಿನಲ್ಲಿ ರಜಬ್ ಎಂದು ಟೈಪು ಮಾಡಿ, ಅದರ ಪಕ್ಕದಲ್ಲೇ ಫಸ್ಲಿಯ ಲೆಕ್ಕ ಹಾಕಿದ್ದೆ. ಆಫೀಸಿಗೆ ಹೋದಾಗ ನಾನು ಮನೆಯ ಮೆಹರುನ್ನಿಸಾಳನ್ನು ಬಾಗಿಲಲ್ಲೇ ಚಪ್ಪಲಿ ಜೊತೆ ಬಿಟ್ಟು ಹೋಗುತ್ತಿದ್ದೆ ಎಂದು ಕಾಣುತ್ತದೆ. ಹೊಸಬರೇ, ಹಾಗೆ ಮಾಡಬೇಡಿ. ಮನೆಯಲ್ಲಿ ತಿಳಿದದ್ದನ್ನೂ ಆಫೀಸಿಗೆ ತೆಗೆದುಕೊಂಡು ಹೋಗಿ.

ಹಿಟ್ಟಿನ ಕೈಯಲ್ಲೇ ಎದ್ದು ಓಡಿದೆ. "ಏ ಮೆಹರು, ಪೂರಿ, ಪೂರಿ ಹೊರಗ ಒಯ್ಯಬ್ಯಾಡ," ಎಂದು ಭಾಭಿ ಕೂಗಿದಾಗಲೇ ಅದು ಇನ್ನೂ ಕೈಯಲ್ಲಿದೆ ಎಂದು ಗೊತ್ತಾದದ್ದು. ಹೊಸ್ತಿಲ ಮೇಲೆ ನಿಂತು ಒಂದೇ ಗುಕ್ಕಿಗೆ ಬಾಯಿಗೆ ತುರುಕಿಕೊಂಡು ಹೊರಟೆ. ಆಫೀಸಿಗೆ ಹೋಗಿ ಕಾಗದ ತೆಗೆದು ನೋಡಿದೆ. ರಜಬ್, ಮುತ್ತಿನಂಥ ಅಕ್ಷರದಲ್ಲಿ.

ಈಗ ಏನು ಮಾಡುವುದು? ಗುಟ್ಟಾಗಿ ಹೊಸ ಭಾಷಾಂತರದಲ್ಲಿ ತಿದ್ದಿ ಕಳಿಸಬಹುದಿತ್ತು. ಆದರೆ ನನ್ನದೇ ಸಹಿಯ ಎರಡು ಭಾಷಾಂತರ, ಎರಡು ಇಸವಿ. ಭೀಮವ್ವನ ಕಡೆಯವರು ಲಂಚ ಕೊಟ್ಟು ತಿದ್ದಿಸಿದರು ಎಂದು ಗುತ್ತಿಗೆದಾರನ ವಕೀಲರು ಎದ್ದು ನಿಂತರೆ ಆಕೆಯ ಹೊಲ ಹೋದ ಹಾಗೆಯೇ. ಒಪ್ಪಿಕೊಂಡರೆ ನನ್ನ ಪಿಂಚಣಿಗೆ ಕುತ್ತು. ಆಟೋ ಹಿಡಿದು ರಂಗಂಪೇಟೆಗೆ ಹೋದೆ. ಶಾಂತಪ್ಪನವರು ನಿವೃತ್ತರಾಗಿ ಅಲ್ಲಿದ್ದರು, ಕಣ್ಣು ಮಂಜಾಗಿತ್ತು, ಮೂಗು ಮಾತ್ರ ಚುರುಕಾಗಿತ್ತು. ಎಲ್ಲ ಕೇಳಿ ಒಂದು ಚಿಟಿಕೆ ತಪಕೀರು ಏರಿಸಿದರು.

"ಕಣ್ಣು ಮುಚ್ಚಿ ಕೂಡಸು ಅಂತ ಹೇಳಿದವ ನಾನ," ಎಂದರು. "ಅದರಾಗ ಅರ್ಧ ತಪ್ಪು ನಂದು. ಬರದು ಹಾಕು, ನಾನೂ ಸಹಿ ಮಾಡ್ತೀನಿ."

"ನಿಮ್ದೇನ್ ಬ್ಯಾಡ್ರಿ ಸರ್. ಕಣ್ಣು ಮುಚ್ಚಿದಾಕಿ ನಾನು."

"ಹಂಗಾರ ಹೆದರಬ್ಯಾಡ. ನನ್ನ ತಪಕೀರ್ ಡಬ್ಬಿಗೆ ಅವ್ರು ಸಿಟ್ಟಾಗಲಿಲ್ಲ. ನಿಂದು ಅಂತ ಒಪ್ಕೊಂಡ್ರ ತಿರುಗಿ ಕೊಡ್ತಾರ."

ಒಪ್ಪಿಕೊಂಡು ಪ್ರಮಾಣಪತ್ರ ಬರೆದು ಕಳಿಸಿದೆ. ನಾನು ನಿರೀಕ್ಷಿಸಿದ ಹಾಗೆಯೇ ಗುತ್ತಿಗೆದಾರನ ವಕೀಲರು ಸಂಶಯ ಎತ್ತಿದರು. ನ್ಯಾಯಮೂರ್ತಿಗಳು, ಹಾಗಿದ್ದರೆ ಭಾಷಾಂತರಕಾರರನ್ನೇ ವಿಡಿಯೋದಲ್ಲಿ ಹಾಜರುಪಡಿಸಿ ಎಂದರು. ನಾನು ಹೊಸ ಸೀರೆ ಉಟ್ಟು, ಯಾದಗಿರಿಯ ಒಂದು ಕೋಣೆಯಲ್ಲಿ ಟಿವಿಯ ಮುಂದೆ ನಿಂತೆ. ಪರದೆಯ ಮೇಲೆ ದೇಶದ ಅತ್ಯುನ್ನತ ನ್ಯಾಯಾಲಯ. ಎತ್ತರದ ಕುರ್ಚಿಗಳೇನೋ ಇದ್ದವು. ಅವುಗಳಲ್ಲಿ ಕನ್ನಡಕ ಒರೆಸಿಕೊಳ್ಳುತ್ತಿದ್ದ ಒಬ್ಬರು ನ್ಯಾಯಮೂರ್ತಿ, ಪಕ್ಕದಲ್ಲಿ ನನ್ನ ವಯಸ್ಸಿನವರೇ ಆದ ಒಬ್ಬ ಮಹಿಳಾ ನ್ಯಾಯಮೂರ್ತಿ. ನನ್ನ ಹೆಸರು ಕರೆದರು. ನಾನು ಕೈಮುಗಿದು ಶುರು ಮಾಡಿದೆ. ಐನೂರಾ ತೊಂಬತ್ತು, ರಜಬ್, ಭೀಮವ್ವನ ಹೊಲ, ನನ್ನ ಪಾಪ, ಎಲ್ಲ ಹೇಳಿದೆ. ಕಣ್ಣಲ್ಲಿ ನೀರು ಸುರಿಯಿತು, ಸೆರಗಿನಿಂದ ಒರೆಸಿಕೊಂಡೆ. ಇಬ್ಬರೂ ಬಹಳ ಕರುಣೆಯಿಂದ ನನ್ನನ್ನೇ ನೋಡುತ್ತಿದ್ದರು. ಮುಗಿಸಿ ತಲೆ ತಗ್ಗಿಸಿದಾಗ ಮಹಿಳಾ ನ್ಯಾಯಮೂರ್ತಿಗಳು ಮೆಲ್ಲಗೆ ಹೇಳಿದರು: ಮೇಡಂ, ನಿಮ್ಮ ಮೈಕು ಬಂದ್ ಆಗಿದೆ.

ಮತ್ತೆ ಅಳು ಬರಲಿಲ್ಲ. ಎಷ್ಟು ಪ್ರಯತ್ನಿಸಿದರೂ ಬರಲಿಲ್ಲ. ಮೈಕು ಹಾಕಿಕೊಂಡು ಎರಡನೆಯ ಸಲ ಗಡಗಡ ಒಪ್ಪಿಸಿದೆ. ಹಿಂದಿಯಲ್ಲಿ ಹೇಳಬಹುದು ಎಂದರು. ನನಗೆ ಬರುವ ಹಿಂದಿ ಎಂದರೆ ನಮ್ಮ ದಖ್ಖನಿ. "ಗಲ್ತಿ ಮೇರೀಚ್ ಹೈ, ಹುಜೂರ್," ಎಂದೆ, ತಪ್ಪು ನನ್ನದೇ ಎಂದು. ಕನ್ನಡಕದ ನ್ಯಾಯಮೂರ್ತಿಗಳು, ತಪ್ಪು ಯಾವಾಗ ಗಮನಕ್ಕೆ ಬಂತು ಎಂದು ಕೇಳಿದರು. ಪೂರಿ ಕರಿಯುವಾಗ ಎಂದೆ. ಅವರು ಪೆನ್ನು ಕೆಳಗಿಟ್ಟರು. ಯಾವ ಪೂರಿ, ಯಾಕೆ ಪೂರಿ ಎಂದು ಕೇಳಲೇಬೇಕಾಯಿತು, ಹೇಳಲೇಬೇಕಾಯಿತು. ಆಮೇಲೆ ಫಸ್ಲಿಯ ತಿಂಗಳುಗಳನ್ನು ಹೇಳಿ ಎಂದರು. ಅಬ್ಬಾ ಕಲಿಸಿದ ರಾಗದಲ್ಲೇ ಹನ್ನೆರಡೂ ಹೇಳಿದೆ. ಹಿಜರಿಯ ಹನ್ನೆರಡೂ ಹೇಳಿದೆ. ಮಹಿಳಾ ನ್ಯಾಯಮೂರ್ತಿಗಳು ಬೆರಳು ಮಡಿಚಿ ಎಣಿಸುತ್ತಿದ್ದರು. ಎಣಿಸಿ ಮುಗಿಸಿ, ಮೊದಲ ಪಟ್ಟಿಯಲ್ಲಿ ರಜಬ್ ಇಲ್ಲವಲ್ಲ ಎಂದು ಗುತ್ತಿಗೆದಾರನ ವಕೀಲರನ್ನು ಕೇಳಿದರು. ಅವರು ಇಲ್ಲ ಎಂದು ಒಪ್ಪಿದರು. ಗುಡುಗಲಿಲ್ಲ, ಮಿಂಚಲಿಲ್ಲ. ಎರಡು ನಿಮಿಷ ಬೆರಳೆಣಿಕೆ, ಅಷ್ಟೇ. ಆ ಕುರ್ಚಿಯ ದೊಡ್ಡಸ್ತಿಕೆ ನನಗೆ ಕಂಡದ್ದು ಅಲ್ಲಿ: ಗೊತ್ತಿಲ್ಲದ್ದನ್ನು ಒಬ್ಬ ಗುಮಾಸ್ತೆಯಿಂದ ಕೇಳಿ ತಿಳಿಯಲು ಅವರಿಗೆ ನಾಚಿಕೆ ಇರಲಿಲ್ಲ.

ಇಸವಿ ಸರಿಯಾಯಿತು, ಹಕೀಮರು ಬದುಕಿದರು. ಹೈಕೋರ್ಟಿನ ಆದೇಶ ರದ್ದಾಗಿ ಕೆಳಗಿನ ಕೋರ್ಟಿನ ತೀರ್ಪು ಉಳಿಯಿತು. ನನಗೊಂದು ಎಚ್ಚರಿಕೆಯ ಪತ್ರ ಬಂತು, ಪಿಂಚಣಿ ಉಳಿಯಿತು. ಈಗ ಯಂತ್ರವೇ ತೀರ್ಪುಗಳನ್ನು ಕನ್ನಡಕ್ಕೆ ತಿರುಗಿಸುತ್ತದಂತೆ. ತಿರುಗಿಸಲಿ, ಬಹಳ ಚುರುಕು. ಆದರೆ ಅದೂ ಕಣ್ಣು ಮುಚ್ಚಿ ಕೂಡಿಸುವ ಜಾತಿಯದೇ; ಪಕ್ಕದಲ್ಲಿ ಕಣ್ಣು ತೆರೆದವರೊಬ್ಬರು ಕುಳಿತಿರಿ.

ನಿವೃತ್ತಳಾದ ಮರುವಾರ ತೀರ್ಪಿನ ಪ್ರತಿ ಹಿಡಿದು ಬೋನಾಳಕ್ಕೆ ಹೋದೆ. ವಕೀಲರು ಫೋನಿನಲ್ಲಿ ಮೊದಲೇ ಹೇಳಿದ್ದರು. ಭೀಮವ್ವ ಹೊಲದಲ್ಲಿ ಸೊಸೆಯ ಜೊತೆ ಹುಲ್ಲು ಕೀಳುತ್ತಿದ್ದಳು. ನನ್ನನ್ನು ಕಂಡು ಓಡಿಬಂದು ಎರಡೂ ಕೈ ಹಿಡಿದುಕೊಂಡಳು. "ಇವು ಪುಣ್ಯದ ಕೈ ನೋಡು ತಂಗಿ. ಈ ಕೈ ಬರದದ್ದಕ್ಕ ನನ್ನ ಹೊಲ ಉಳೀತು ಅಂತ ವಕೀಲ್ರು ಹೇಳ್ಯಾರ."

ದಿಲ್ಲಿಯ ಮುಂದೆ ಎರಡು ಸಲ ಹೇಳಿದ್ದು ಸುಲಭವಿತ್ತು. ಇಲ್ಲಿ ಕಷ್ಟವಿತ್ತು. ಆದರೂ ಹೇಳಿದೆ. "ಯವ್ವಾ, ನಿನ್ನ ಹೊಲ ಹೋಗಿದ್ದೂ ಇದ ಕೈಯಿಂದ. ಹೈಕೋರ್ಟಿನಾಗ ನೀ ಸೋತಿದ್ದು ನಾ ಸನ ತಪ್ಪು ಬರದಿದ್ದಕ್ಕ."

ಭೀಮವ್ವ ಕೈ ಬಿಟ್ಟಳು. ಮುಖ ನೋಡಿದಳು. "ಆರು ವರ್ಷ," ಎಂದಳು. "ಆರು ವರ್ಷ ದಿನಾ ಮುಂಜಾನೆ ಎದ್ದು, ಮುಖಕ್ಕ ನೀರು ಹಾಕ್ಕೊಳ್ಳೂಕಿಂತ ಮೊದಲ, ಆ ಹೈಕೋರ್ಟಿನ ಜಡ್ಜಗ ಬೈತಿದ್ದೆ. ಒಂದು ದಿನ ತಪ್ಪಿಸಿಲ್ಲ. ಅಂವಂದು ಏನೂ ತಪ್ಪಿದ್ದಿಲ್ಲೇನು ಹಂಗಾರ?"

"ಇದ್ದಿಲ್ಲವ್ವಾ. ಅವರ ಮುಂದ ಇದ್ದಿದ್ದು ನನ್ನ ಕಾಗದ."

"ಆ ಕೋರ್ಟು ಯಾವ ದಿಕ್ಕಿಗದ?"

ತೋರಿಸಿದೆ. ಆಕೆ ಆ ಕಡೆ ತಿರುಗಿ ಎರಡೂ ಕೆನ್ನೆ ಮುಟ್ಟಿಕೊಂಡು, "ತಪ್ಪಾತೋ ಯಪ್ಪಾ," ಎಂದಳು. ಆಮೇಲೆ ನನ್ನ ಕಡೆ ತಿರುಗಿ ಬದುವನ್ನು ತೋರಿಸಿದಳು. "ಕುಂದ್ರು."

ಕುಳಿತೆ. ಭೀಮವ್ವ ಸೆರಗು ಸೊಂಟಕ್ಕೆ ಸಿಕ್ಕಿಸಿ ಶುರು ಮಾಡಿದಳು. ನನ್ನ ಕೈ, ನನ್ನ ಕಣ್ಣು, ನನಗೆ ಓದು ಕಲಿಸಿದವರು, ನಾನು ಉಂಡ ಅನ್ನ, ಒಂದೊಂದನ್ನೂ ಹೆಸರು ಹಿಡಿದು ಬೈದಳು. ಮೂವತ್ತಮೂರು ವರ್ಷ ಭಾಷಾಂತರ ಮಾಡಿದವಳು ನಾನು, ಆ ಬೈಗುಳಗಳಲ್ಲಿ ಅರ್ಧಕ್ಕೆ ಇಂಗ್ಲಿಷಿನಲ್ಲಿ ಮಾತಿಲ್ಲ. ನಡುವೆ ನನಗೆ ಅಳುವೂ ನಗುವೂ ಒಟ್ಟಿಗೆ ಬಂತು. ಆಕೆಗೂ ನಗು ಬಂತು, ಆದರೆ ಬೈಯುವುದು ನಿಲ್ಲಿಸಲಿಲ್ಲ. ಸೊಸೆ ಹೆದರಿ ಮನೆಗೆ ಹೋಗಿ ಚಹಾ ಮಾಡಿಕೊಂಡು ಬಂದಳು. ಮುಗಿಯಿತೆಂದು ನಾನು ಏಳಲು ಹೋದೆ. ಭೀಮವ್ವ ಹೆಗಲು ಹಿಡಿದು ಕೂರಿಸಿ ಲೋಟ ಕೈಗೆ ಕೊಟ್ಟಳು.

"ಚಾ ಕುಡಿ ತಂಗಿ. ಇನ್ನಾ ಎರಡು ವರ್ಷದ ಬೈಗಳ ಉಳದಾವ."